ಡಿಸ್ಕ್ ಯುಗದ ವಯಸ್ಕರ ಆಟಗಳು: ಜಪಾನಿನ ಪೂರ್ಣಚಲನ ವಿಡಿಯೊ ಆಟಗಳ ಏಳುಬೀಳು

ಶಿವಮೊಗ್ಗ ಹಾಗೂ ಭದ್ರಾವತಿಯ ಮನೆಗಳಿಗೆ ಬೆಳ್ಳಿಬಣ್ಣದ ತಟ್ಟೆ ಮೊದಲು ಪ್ರವೇಶಿಸಿದ್ದು ಸಿನಿಮಾದ ರೂಪದಲ್ಲಿ. 1990ರ ದಶಕದ ಕೊನೆಯ ಹೊತ್ತಿಗೆ ರಾಜ್ಯದ ಇತರ ನಗರಗಳಂತೆ ಇಲ್ಲಿಯೂ ವಿಡಿಯೊ ಕ್ಯಾಸೆಟ್ ಹಿಂದೆ ಸರಿದು ವಿಡಿಯೊ ಸಿಡಿ ಮುಂದೆ ಬಂದಿತ್ತು. ಎರಡೂವರೆ ಗಂಟೆಯ ಕನ್ನಡ ಚಿತ್ರವೊಂದು ಎರಡು ಅಥವಾ ಮೂರು ತಟ್ಟೆಗಳಲ್ಲಿ ಹಂಚಿಹೋಗುತ್ತಿದ್ದುದು, ಅರ್ಧಕ್ಕೆ ಎದ್ದು ತಟ್ಟೆ ಬದಲಿಸಬೇಕಾಗುತ್ತಿದ್ದುದು ಆ ಕಾಲದವರಿಗೆ ನೆನಪಿರಬಹುದು. ಅದೇ ತಟ್ಟೆಯಲ್ಲಿ ಸಿನಿಮಾ ಮತ್ತು ಆಟ ಎರಡನ್ನೂ ಬೆಸೆಯುವ ಪ್ರಯೋಗ ಜಪಾನಿನಲ್ಲಿ ಅದಕ್ಕೆ ಒಂದು ದಶಕ ಮೊದಲೇ ಆರಂಭವಾಗಿತ್ತು. ಅದರಲ್ಲಿ ಗಣನೀಯ ಪಾಲು ಮಕ್ಕಳಿಗಾಗಿ ಅಲ್ಲ, ವಯಸ್ಕರಿಗಾಗಿ ಸಿದ್ಧವಾದದ್ದು ಎಂಬುದು ಗಮನಾರ್ಹ.

ಈ ಆಟಗಳ ಯಂತ್ರಗಳಾದ ಪಿಸಿ ಎಂಜಿನ್ ಸಿಡಿ-ರಾಮ್, ಲೇಸರ್ ಆಕ್ಟಿವ್, ಪಿಸಿ-ಎಫ್‌ಎಕ್ಸ್ ಮೊದಲಾದವು ಭಾರತದಲ್ಲಿ ಅಧಿಕೃತವಾಗಿ ಮಾರಾಟವಾಗಲಿಲ್ಲ. ಆದರೆ ಅವು ಹುಟ್ಟುಹಾಕಿದ ಪ್ರಶ್ನೆಗಳು ಇಂದು ಮಲೆನಾಡಿನ ಪ್ರತಿ ಮನೆಯ ಮೊಬೈಲ್ ಫೋನಿನಲ್ಲಿಯೂ ಇವೆ. ಆಟವನ್ನು ಯಾರು ನೋಡಬಹುದು? ಅದನ್ನು ನಿರ್ಧರಿಸುವವರು ಯಾರು? ತೆರೆಯ ಮೇಲಿನ ನಿಜವಾದ ಮನುಷ್ಯರ ಹಕ್ಕೇನು? ಈ ಪ್ರಶ್ನೆಗಳಿಗೆ ಜಪಾನ್ ಕಂಡುಕೊಂಡ ಅರೆಬರೆ ಉತ್ತರಗಳ ಇತಿಹಾಸ ಇಲ್ಲಿದೆ.

ಪೂರ್ಣಚಲನ ವಿಡಿಯೊ ಎಂದರೇನು?

ಸಾಮಾನ್ಯ ವಿಡಿಯೊ ಆಟದಲ್ಲಿ ಯಂತ್ರವು ಪ್ರತಿ ಕ್ಷಣವೂ ಚಿತ್ರವನ್ನು ಹೊಸದಾಗಿ ರಚಿಸುತ್ತದೆ. ಪೂರ್ಣಚಲನ ವಿಡಿಯೊ ಆಟದಲ್ಲಿ ಹಾಗಲ್ಲ. ಅಲ್ಲಿನ ದೃಶ್ಯಗಳು ಮೊದಲೇ ಚಿತ್ರೀಕರಿಸಿದ ಅಥವಾ ಚಿತ್ರಿಸಿದ ತುಣುಕುಗಳು. ಆಟಗಾರನು ಸರಿಯಾದ ಕ್ಷಣದಲ್ಲಿ ಗುಂಡಿ ಒತ್ತಿದರೆ ಒಂದು ತುಣುಕು, ತಪ್ಪಿದರೆ ಇನ್ನೊಂದು ತುಣುಕು ತೆರೆಯ ಮೇಲೆ ಬರುತ್ತದೆ. ಕಥೆಯು ಕವಲೊಡೆಯುವ ದಾರಿಯಂತೆ ಸಾಗುತ್ತದೆ. ಇದರ ಆಕರ್ಷಣೆ ನಿಜದ ಮುಖ, ನಿಜದ ಧ್ವನಿ, ಸಿನಿಮಾ ಗುಣಮಟ್ಟದ ಚಿತ್ರ. ಇದರ ದೌರ್ಬಲ್ಯವೂ ಅಲ್ಲಿಯೇ ಇದೆ. ಚಿತ್ರೀಕರಿಸದ ಯಾವುದನ್ನೂ ಆಟಗಾರ ಮಾಡಲಾರ.

ಈ ಪ್ರಕಾರದ ಬೇರುಗಳು ಆಟದ ಅಂಗಡಿಗಳ ಲೇಸರ್ ಡಿಸ್ಕ್ ಯಂತ್ರಗಳಲ್ಲಿವೆ. 1983ರಲ್ಲಿ ಜಪಾನಿನಲ್ಲಿ ಸೆಗಾ ಸಂಸ್ಥೆಯ ‘ಆಸ್ಟ್ರಾನ್ ಬೆಲ್ಟ್’, ಅದೇ ವರ್ಷ ಅಮೆರಿಕದಲ್ಲಿ ಡಾನ್ ಬ್ಲೂತ್ ಅವರ ವ್ಯಂಗ್ಯಚಿತ್ರ ಶೈಲಿಯ ‘ಡ್ರ್ಯಾಗನ್ಸ್ ಲೇರ್’ ಬಂದವು. 1985ರಲ್ಲಿ ಟೈಟೊ ಸಂಸ್ಥೆ ಹೊರತಂದ ‘ಟೈಮ್ ಗ್ಯಾಲ್’ ಆಟಕ್ಕೆ ಚಿತ್ರ ಒದಗಿಸಿದ್ದು ತೋಯೆಯ್ ಅನಿಮೇಷನ್. ಕಾಲದಲ್ಲಿ ಹಿಂದೆ ಮುಂದೆ ಸಂಚರಿಸುವ ಯುವತಿಯೊಬ್ಬಳು ಇದರ ನಾಯಕಿ. ಈ ಆಟವು 1992ರಲ್ಲಿ ಸೆಗಾದ ಮೆಗಾ-ಸಿಡಿ ಯಂತ್ರಕ್ಕೆ ಬಂದು, ಅಂಗಡಿಯಿಂದ ಮನೆಗೆ ಇಳಿಯಿತು.

ಮನೆಗೆ ಬಂದ ಸಿಡಿ

1988ರ ಡಿಸೆಂಬರ್ 4ರಂದು ಎನ್‌ಇಸಿ ಸಂಸ್ಥೆಯು ತನ್ನ ಪಿಸಿ ಎಂಜಿನ್ ಯಂತ್ರಕ್ಕೆ ಸಿಡಿ-ರಾಮ್ ಜೋಡಣೆಯನ್ನು ಜಪಾನಿನಲ್ಲಿ ಬಿಡುಗಡೆ ಮಾಡಿತು. ಮನೆಯ ಆಟದ ಯಂತ್ರವೊಂದು ಸಿಡಿ ಬಳಸಿದ್ದು ಇದೇ ಮೊದಲು. ಆ ದಿನವೇ ಹೊರಬಂದ ಎರಡು ಆಟಗಳಲ್ಲಿ ಒಂದು ‘ನೊರಿಕೊ’. ಆ ಕಾಲದ ಜನಪ್ರಿಯ ಗಾಯಕಿ ನೊರಿಕೊ ಒಗಾವಾ ಅವರ ಛಾಯಾಚಿತ್ರ ಹಾಗೂ ಧ್ವನಿಯನ್ನು ಆಧರಿಸಿದ ನಿರುಪದ್ರವಿ ಆಟ ಅದು. ಆದರೂ ಅದು ದಾರಿಯೊಂದನ್ನು ತೋರಿಸಿತು. ಕಾರ್ಟ್ರಿಜ್ಜಿನ ಚುಕ್ಕೆಚಿತ್ರಗಳ ಬದಲಿಗೆ ನಿಜವಾದ ವ್ಯಕ್ತಿಯೊಬ್ಬರು ಆಟದ ವಸ್ತುವಾಗಬಲ್ಲರು ಎಂಬುದು ಮೊದಲ ದಿನವೇ ಸಾಬೀತಾಯಿತು.

ಅನಂತರ ಯಂತ್ರಗಳ ಸಾಲೇ ಬಂದಿತು. 1991ರ ಡಿಸೆಂಬರ್‌ನಲ್ಲಿ ಸೆಗಾದ ಮೆಗಾ-ಸಿಡಿ, 1993ರ ಆಗಸ್ಟ್‌ನಲ್ಲಿ ಪಯೊನಿಯರ್ ಸಂಸ್ಥೆಯ ಲೇಸರ್ ಆಕ್ಟಿವ್, 1994ರ ಮಾರ್ಚ್‌ನಲ್ಲಿ ಪ್ಯಾನಸೋನಿಕ್ ತಯಾರಿಸಿದ 3ಡಿಒ, ಅದೇ ವರ್ಷದ ನವೆಂಬರ್‌ನಲ್ಲಿ ಸೆಗಾ ಸ್ಯಾಟರ್ನ್, ಡಿಸೆಂಬರ್‌ನಲ್ಲಿ ಸೋನಿ ಪ್ಲೇಸ್ಟೇಷನ್ ಹಾಗೂ ಎನ್‌ಇಸಿ ಪಿಸಿ-ಎಫ್‌ಎಕ್ಸ್ ಜಪಾನಿನ ಮಾರುಕಟ್ಟೆಗೆ ಬಂದವು. ಲೇಸರ್ ಆಕ್ಟಿವ್‌ನ ಬೆಲೆ 89,800 ಯೆನ್. ಸೆಗಾ ಅಥವಾ ಎನ್‌ಇಸಿ ಆಟಗಳನ್ನು ಆಡಲು ಬೇಕಾದ ಪೆಟ್ಟಿಗೆಯನ್ನು ಇದರ ಮೇಲೆ ಪ್ರತ್ಯೇಕವಾಗಿ ಕೊಳ್ಳಬೇಕಿತ್ತು. ಇಷ್ಟು ಬೆಲೆ ತೆರುವವನು ಶಾಲಾ ಬಾಲಕನಲ್ಲ, ಸಂಬಳದ ಉದ್ಯೋಗಿ. ವಯಸ್ಕರ ವಸ್ತು ಈ ಯಂತ್ರಗಳಿಗೆ ಬಂದುದರ ಒಂದು ಕಾರಣ ಈ ಬೆಲೆಯಲ್ಲಿಯೇ ಅಡಗಿದೆ. ಲೇಸರ್ ಆಕ್ಟಿವ್‌ಗಾಗಿ ಬಂದ ‘ಏಂಜೆಲ್ ಮೇಟ್’, ‘ವರ್ಚುಯಲ್ ಕ್ಯಾಮರಾಮ್ಯಾನ್’ನಂತಹ ಶೀರ್ಷಿಕೆಗಳು ಈ ಗ್ರಾಹಕರನ್ನೇ ಉದ್ದೇಶಿಸಿದ್ದವು.

ಒಂದು ಚೌಕಟ್ಟು, ಒಂದು ಸೆಕೆಂಡು

ಈ ಆಟಗಳ ಚಿತ್ರ ಏಕೆ ಮಸುಕಾಗಿ, ಕುಪ್ಪಳಿಸುವಂತೆ ಕಾಣುತ್ತಿತ್ತು ಎಂಬುದಕ್ಕೆ ಸರಳ ಲೆಕ್ಕವೊಂದಿದೆ. ಮೊದಲ ತಲೆಮಾರಿನ ಸಿಡಿ ಯಂತ್ರವು ಸೆಕೆಂಡಿಗೆ 1,53,600 ಬೈಟ್ ಮಾಹಿತಿಯನ್ನು ಓದುತ್ತಿತ್ತು. ಅಡ್ಡಕ್ಕೆ 320, ಉದ್ದಕ್ಕೆ 240 ಬಿಂದುಗಳಿರುವ, ಬಿಂದುವಿಗೆ 2 ಬೈಟ್ ಬಣ್ಣವಿರುವ ಒಂದೇ ಒಂದು ಚಿತ್ರಕ್ಕೆ ತಗಲುವ ಜಾಗವೂ ನಿಖರವಾಗಿ ಅಷ್ಟೇ. ಅಂದರೆ ಸಂಕುಚನವಿಲ್ಲದಿದ್ದರೆ ಸೆಕೆಂಡಿಗೆ ಒಂದು ಸ್ಥಿರಚಿತ್ರ ಮಾತ್ರ ಸಾಧ್ಯ. ಚಲನೆಯ ಭ್ರಮೆಗೆ ಕನಿಷ್ಠ 15 ಚಿತ್ರ ಬೇಕೆಂದರೆ ಮಾಹಿತಿಯನ್ನು ಹದಿನೈದರಲ್ಲಿ ಒಂದು ಪಾಲಿಗೆ ಇಳಿಸಬೇಕು. ಧ್ವನಿಗೂ ಜಾಗ ಬೇಕು.

ಮೆಗಾ-ಸಿಡಿ ಏಕಕಾಲಕ್ಕೆ 64 ಬಣ್ಣಗಳನ್ನು ಮಾತ್ರ ತೋರಿಸಬಲ್ಲದಾಗಿತ್ತು. ಮುಖದ ಮೇಲೆ ಚುಕ್ಕೆಗಳು, ಕತ್ತಲೆಯಲ್ಲಿ ಕೊಳೆಯಂತಹ ಕಲೆಗಳು ಕಾಣಿಸಿಕೊಂಡವು. ಚಿತ್ರವನ್ನು ತೆರೆಯ ಒಂದು ಮೂಲೆಗೆ ಕುಗ್ಗಿಸಿ ತೋರಿಸುವುದು ಸಾಮಾನ್ಯ ಉಪಾಯವಾಯಿತು. 3ಡಿಒ, ಸ್ಯಾಟರ್ನ್ ಯಂತ್ರಗಳ ಕಾಲಕ್ಕೆ ಓದುವ ವೇಗ ದುಪ್ಪಟ್ಟಾಯಿತು. ‘ಸಿನೆಪ್ಯಾಕ್’ ಎಂಬ ಸಂಕುಚನ ವಿಧಾನ ಬಳಕೆಗೆ ಬಂದಿತು. ಎನ್‌ಇಸಿ ತನ್ನ ಪಿಸಿ-ಎಫ್‌ಎಕ್ಸ್‌ನಲ್ಲಿ ತೆರೆ ತುಂಬುವ, ಸೆಕೆಂಡಿಗೆ 30 ಚೌಕಟ್ಟಿನ ವಿಡಿಯೊಗಾಗಿಯೇ ಪ್ರತ್ಯೇಕ ಚಿಪ್ ಅಳವಡಿಸಿತು. ಆದರೆ ಮೂರು ಆಯಾಮದ ಚಿತ್ರ ರಚಿಸುವ ಚಿಪ್ಪನ್ನು ಕೈಬಿಟ್ಟಿತು. ಅದೇ ತಿಂಗಳು ಬಂದ ಪ್ಲೇಸ್ಟೇಷನ್ ಮೂರು ಆಯಾಮದಲ್ಲಿಯೇ ಗೆದ್ದಿತು. ಪಿಸಿ-ಎಫ್‌ಎಕ್ಸ್ 1998ರಲ್ಲಿ ಕೊನೆಗೊಂಡಿತು.

ಲೇಸರ್ ಆಕ್ಟಿವ್‌ನ ದಾರಿ ಬೇರೆ. ಅದರ ತಟ್ಟೆಯಲ್ಲಿ ಚಿತ್ರವು ಅಂಕೀಯ ರೂಪದಲ್ಲಿರಲಿಲ್ಲ. ಹಳೆಯ ದೂರದರ್ಶನ ಸಂಕೇತದಂತೆ ಅನಲಾಗ್ ರೂಪದಲ್ಲಿತ್ತು. ಹೀಗಾಗಿ ಚಿತ್ರ ಸ್ವಚ್ಛವಾಗಿತ್ತು. ಇದೇ ಗುಣ ಮುಂದೆ ಅದರ ಸಂರಕ್ಷಣೆಗೆ ಕಂಟಕವಾಯಿತು.

ವಯಸ್ಕ ವಸ್ತುವಿನ ಎರಡು ಕವಲು

‘ವಯಸ್ಕರ ಆಟ’ ಎಂಬ ಒಂದೇ ಹಣೆಪಟ್ಟಿಯಡಿ ಎರಡು ಭಿನ್ನ ಬಗೆಯ ಕೃತಿಗಳಿದ್ದವು. ಮೊದಲನೆಯದು ದೇಹಪ್ರದರ್ಶನವನ್ನೇ ಬಂಡವಾಳವಾಗಿಸಿಕೊಂಡದ್ದು. ಎರಡನೆಯದು ಹಿಂಸೆ, ಭಯ, ಸಾವು, ಮಾನಸಿಕ ಕ್ಷೋಭೆಯಂತಹ ವಿಷಯಗಳನ್ನು ಪ್ರೌಢ ಓದುಗನಿಗೆ ಹೇಳುವ ರೀತಿಯಲ್ಲಿ ಹೇಳಿದ್ದು.

ಮೊದಲ ಬಗೆಗೆ 1995ರ ‘ಯಾಕ್ಯೂಕೆನ್ ಸ್ಪೆಷಲ್’ ಉದಾಹರಣೆ. ಯಾಕ್ಯೂಕೆನ್ ಮೂಲತಃ 1924ರಲ್ಲಿ ಮತ್ಸುಯಾಮಾ ನಗರದ ರೈಲ್ವೆ ಸಂಸ್ಥೆಯ ಬೇಸ್‌ಬಾಲ್ ತಂಡದವರು ಔತಣಕೂಟದಲ್ಲಿ ಆರಂಭಿಸಿದ ಹಾಡು-ಕುಣಿತ. ಕೊನೆಯಲ್ಲಿ ಕಲ್ಲು-ಕಾಗದ-ಕತ್ತರಿಯ ಸ್ಪರ್ಧೆ. ಸೋತವರು ಬಟ್ಟೆ ಕಳಚುವ ರೂಪ 1960ರ ದಶಕದ ಅಂತ್ಯದ ದೂರದರ್ಶನ ಕಾರ್ಯಕ್ರಮವೊಂದರಿಂದ ಪ್ರಚಲಿತವಾಯಿತು. ಈ ಆಟವು ಚಿತ್ರೀಕರಿಸಿದ ರೂಪದರ್ಶಿಗಳೊಂದಿಗೆ ಅದನ್ನೇ ತೆರೆಗೆ ತಂದಿತು. ಆಟಗಾರನ ಕೌಶಲಕ್ಕೆ ಇಲ್ಲಿ ಜಾಗವಿಲ್ಲ. ಗುಂಡಿ ಒತ್ತುವುದು, ಅದೃಷ್ಟ ಕಾಯುವುದು ಇಷ್ಟೇ. ಆಟವಾಗಿ ಇದರ ಮೌಲ್ಯ ಕಡಿಮೆ. ಆದರೆ ಸೆಗಾ ಇಂತಹ ಶೀರ್ಷಿಕೆಗೂ ಅಧಿಕೃತ ಅನುಮತಿ ನೀಡಿತೆಂಬುದು ಐತಿಹಾಸಿಕ ಮಹತ್ವದ ಸಂಗತಿ.

ಎರಡನೆಯ ಬಗೆಗೆ ಕೆಂಜಿ ಎನೊ ಅವರ ವಾರ್ಪ್ ಸಂಸ್ಥೆ 1995ರಲ್ಲಿ 3ಡಿಒಗಾಗಿ ಹೊರತಂದ ‘ಡಿ’ ಪ್ರಮುಖ ನಿದರ್ಶನ. ಲಾಸ್ ಏಂಜಲೀಸ್‌ನ ಆಸ್ಪತ್ರೆಯೊಂದರಲ್ಲಿ ಸಾಮೂಹಿಕ ಹತ್ಯೆ ನಡೆಸಿದ ತಂದೆಯನ್ನು ಹುಡುಕಿಕೊಂಡು ಬರುವ ಮಗಳು ಲಾರಾಳ ಕಥೆ ಇದು. ಕ್ಯಾಮರಾದ ಬದಲು ಗಣಕದಲ್ಲಿ ರಚಿಸಿದ ವಿಡಿಯೊ ಇದರಲ್ಲಿದೆ. ಆಟವನ್ನು ಎರಡು ಗಂಟೆಯೊಳಗೆ ಮುಗಿಸಬೇಕು. ನಡುವೆ ನಿಲ್ಲಿಸುವಂತಿಲ್ಲ, ಉಳಿಸಿಡುವಂತಿಲ್ಲ. ಚಿತ್ರಮಂದಿರದಲ್ಲಿ ಕುಳಿತವನಂತೆ ಒಂದೇ ಬೈಠಕ್ಕಿನಲ್ಲಿ ಕೊನೆ ಕಾಣಬೇಕು.

ಕಥೆಯ ತಿರುಳಿನಲ್ಲಿ ನರಮಾಂಸ ಭಕ್ಷಣೆಯ ದೃಶ್ಯವಿತ್ತು. ಇದಕ್ಕೆ ಅನುಮತಿ ಸಿಗಲಾರದೆಂದು ಎನೊ ಅರಿತಿದ್ದರು. ಅವರೇ ನಂತರ ಸಂದರ್ಶನದಲ್ಲಿ ವಿವರಿಸಿದಂತೆ, ಪರಿಶೀಲನೆಗೆ ಆ ದೃಶ್ಯವಿಲ್ಲದ ಪ್ರತಿಯನ್ನು ಸಲ್ಲಿಸಿ ಒಪ್ಪಿಗೆ ಪಡೆದರು. ಗಡುವನ್ನು ಬೇಕೆಂದೇ ಮೀರಿದರು. ತಡವಾದುದಕ್ಕೆ ದಂಡವಾಗಿ ಮೂಲ ಪ್ರತಿಯನ್ನು ತಾವೇ ಅಮೆರಿಕದ ಮುದ್ರಣ ಘಟಕಕ್ಕೆ ಒಯ್ಯಬೇಕಾಯಿತು. ದಾರಿಯಲ್ಲಿ ತಟ್ಟೆಯನ್ನು ಬದಲಿಸಿದರು. ಪರಿಶೀಲಕರು ಒಂದನ್ನು ನೋಡಿದರು, ಗ್ರಾಹಕರು ಇನ್ನೊಂದನ್ನು ಕೊಂಡರು. ಇದನ್ನು ಕಲಾವಿದನ ಸಾಹಸವೆಂದು ಮೆಚ್ಚುವವರಿದ್ದಾರೆ. ಹಾಗೆ ಮೆಚ್ಚುವಾಗ ಇನ್ನೊಂದು ಮಾತನ್ನೂ ಮರೆಯುವಂತಿಲ್ಲ: ಪೆಟ್ಟಿಗೆಯ ಮೇಲಿನ ಸೂಚನೆಯನ್ನು ನಂಬಿದ ಪಾಲಕರೂ ಅಂದು ಮೋಸಹೋದರು.

ಎನೊ ಅವರ ಇನ್ನೊಂದು ಕೃತಿ ಇದಕ್ಕೆ ತದ್ವಿರುದ್ಧ. 1997ರಲ್ಲಿ ಸ್ಯಾಟರ್ನ್‌ಗೆ ಬಂದ ‘ರಿಯಲ್ ಸೌಂಡ್’ ಆಟದಲ್ಲಿ ಚಿತ್ರವೇ ಇಲ್ಲ, ಧ್ವನಿ ಮಾತ್ರ. ದೃಷ್ಟಿಹೀನ ಅಭಿಮಾನಿಗಳನ್ನು ಭೇಟಿಯಾದ ಬಳಿಕ ಅವರು ಇದನ್ನು ರೂಪಿಸಿದರು. ಸಾವಿರ ಯಂತ್ರಗಳನ್ನು ದೃಷ್ಟಿಹೀನರಿಗೆ ದಾನ ಮಾಡಬೇಕೆಂದು ಸೆಗಾಗೆ ಷರತ್ತು ಹಾಕಿದರು. 1965ರಿಂದ ಆಕಾಶವಾಣಿ ಕೇಂದ್ರವನ್ನು ಹೊಂದಿರುವ ಭದ್ರಾವತಿಯ ಶ್ರೋತೃಗಳಿಗೆ, ಕಣ್ಣಿನ ನೆರವಿಲ್ಲದೆ ಕಥೆ ಕಟ್ಟುವ ಈ ಬಗೆ ಹೊಸದೆನಿಸದು. ಬಾನುಲಿ ನಾಟಕಕ್ಕೆ ಆಯ್ಕೆಯ ಗುಂಡಿ ಸೇರಿಸಿದಂತೆ ಅದು. ಎನೊ 2013ರ ಫೆಬ್ರುವರಿಯಲ್ಲಿ 42ನೇ ವಯಸ್ಸಿನಲ್ಲಿ ನಿಧನರಾದರು.

ಸೋನಿ 1998ರಲ್ಲಿ ಹೊರತಂದ ‘ಯಾರುಡೊರಾ’ ಸರಣಿಯೂ ಈ ಎರಡನೆಯ ಕವಲಿಗೆ ಸೇರುತ್ತದೆ. ನಾಲ್ಕು ಋತುಗಳಿಗೆ ನಾಲ್ಕು ಆಟ. ಮೊದಲನೆಯ ‘ಡಬಲ್ ಕಾಸ್ಟ್’ಗೆ ಪ್ರೊಡಕ್ಷನ್ ಐ.ಜಿ. ಸಂಸ್ಥೆ ಅನಿಮೇಷನ್ ಒದಗಿಸಿತು. ನೆನಪು ಕಳೆದುಕೊಂಡ ಯುವತಿಯ ಕಥೆ, ಆಟಗಾರನ ಆಯ್ಕೆಗೆ ತಕ್ಕಂತೆ ಪ್ರೇಮಕಥೆಯಾಗಿಯೂ ರಕ್ತಸಿಕ್ತ ದುರಂತವಾಗಿಯೂ ಕೊನೆಯಾಗುತ್ತದೆ.

ನಿಯಂತ್ರಣದ ಹಾದಿ

ಜಪಾನಿನ 1907ರ ದಂಡ ಸಂಹಿತೆಯ 175ನೇ ವಿಧಿ ಅಶ್ಲೀಲ ವಸ್ತುಗಳ ಮಾರಾಟವನ್ನು ನಿಷೇಧಿಸುತ್ತದೆ. 1991ರಲ್ಲಿ ಮಾಧ್ಯಮಿಕ ಶಾಲೆಯ ವಿದ್ಯಾರ್ಥಿಯೊಬ್ಬ ವಯಸ್ಕರ ಗಣಕ ಆಟವೊಂದನ್ನು ಅಂಗಡಿಯಿಂದ ಕದ್ದ ಪ್ರಕರಣ ಬೆಳಕಿಗೆ ಬಂದು, ತಯಾರಕರ ಬಂಧನವಾಯಿತು. ಮರುವರ್ಷ ಗಣಕ ಆಟಗಳ ತಯಾರಕರು ಸ್ವನಿಯಂತ್ರಣ ಸಂಸ್ಥೆಯೊಂದನ್ನು ಕಟ್ಟಿಕೊಂಡರು. ಆದರೆ ಅದರ ವ್ಯಾಪ್ತಿ ಗಣಕದ ಆಟಗಳಿಗೆ ಸೀಮಿತ. ಮನೆಯ ಆಟದ ಯಂತ್ರಗಳ ವಿಷಯದಲ್ಲಿ ಆಯಾ ಯಂತ್ರದ ಒಡೆಯನೇ ನ್ಯಾಯಾಧೀಶ.

ಹೀಗಾಗಿ ಒಂದೇ ಆಟಕ್ಕೆ ಮೂರು ನೀತಿ ಎಂಬಂತಾಯಿತು. ಸೋನಿ ನಗ್ನತೆಗೆ ಅವಕಾಶ ಕೊಡಲಿಲ್ಲ. ಎನ್‌ಇಸಿ ಪಿಸಿ-ಎಫ್‌ಎಕ್ಸ್‌ನಲ್ಲಿ 18 ವರ್ಷ ಮೀರಿದವರ ಆಟಗಳಿಗೆ ಬಾಗಿಲು ತೆರೆಯಿತು. ಸೆಗಾ ಸ್ಯಾಟರ್ನ್‌ಗೆ ಮೂರು ವರ್ಗ ಮಾಡಿತು: ಎಲ್ಲರಿಗೂ, 18 ವರ್ಷ ಮೇಲ್ಪಟ್ಟವರಿಗೆ ಶಿಫಾರಸು, ಹಾಗೂ 18ರ ಕೆಳಗಿನವರಿಗೆ ನಿಷಿದ್ಧವಾದ ‘ಎಕ್ಸ್’. ಕೊನೆಯ ವರ್ಗವನ್ನು 1996ರಲ್ಲಿ ಕೈಬಿಡಲಾಯಿತು.

ಅಮೆರಿಕದಲ್ಲಿ ಕಿಡಿ ಹೊತ್ತಿಸಿದ್ದು ‘ನೈಟ್ ಟ್ರ್ಯಾಪ್’. 1987ರಲ್ಲಿ ಚಿತ್ರೀಕರಣಗೊಂಡು 1992ರಲ್ಲಿ ಸೆಗಾ ಸಿಡಿಗೆ ಬಂದ ಈ ಆಟದಲ್ಲಿ ನಗ್ನತೆಯಿಲ್ಲ, ರಕ್ತವೂ ನಗಣ್ಯ. ಆದರೆ ತೆರೆಯ ಮೇಲೆ ಅಪಾಯಕ್ಕೆ ಸಿಲುಕಿದವರು ನಿಜವಾದ ನಟಿಯರು. 1993ರ ಡಿಸೆಂಬರ್ 9ರಂದು ಸೆನೆಟ್ ಸಮಿತಿಯ ವಿಚಾರಣೆಯಲ್ಲಿ ಅದು ಪ್ರಧಾನ ಆರೋಪಿಯಾಯಿತು. 1994ರಲ್ಲಿ ಉದ್ಯಮವು ವಯೋಮಿತಿ ಸೂಚಿಸುವ ಇಎಸ್‌ಆರ್‌ಬಿ ಮಂಡಳಿಯನ್ನು ಸ್ಥಾಪಿಸಿತು. ಜಪಾನಿನಲ್ಲಿ ಸಮಾನ ಮಂಡಳಿಯಾದ ಸೆರೊ ಬಂದದ್ದು 2002ರಲ್ಲಿ. 2006ರಿಂದ ಅದು ಎ, ಬಿ, ಸಿ, ಡಿ, ಝೆಡ್ ಎಂಬ ಐದು ದರ್ಜೆ ನೀಡುತ್ತಿದೆ.

ಕರ್ನಾಟಕದ ಸಂದರ್ಭ

ಜಪಾನಿನಲ್ಲಿ ‘ಡಿ’ ಬಿಡುಗಡೆಯಾದ 1995ರ ಏಪ್ರಿಲ್‌ನಲ್ಲಿಯೇ ಭಾರತದ ಸುಪ್ರೀಂ ಕೋರ್ಟ್ ವಿಡಿಯೊ ಆಟಗಳ ಬಗ್ಗೆ ಮಹತ್ವದ ತೀರ್ಪೊಂದನ್ನು ನೀಡಿತು. ‘ಎಂ.ಜೆ. ಶಿವಾನಿ ವಿರುದ್ಧ ಕರ್ನಾಟಕ ರಾಜ್ಯ’ ಎಂಬುದು ಪ್ರಕರಣದ ಹೆಸರು. ವಿಡಿಯೊ ಆಟದ ಕೇಂದ್ರಗಳನ್ನು ಪರವಾನಗಿ ವ್ಯವಸ್ಥೆಗೆ ಒಳಪಡಿಸಬಹುದೇ ಎಂಬುದು ಪ್ರಶ್ನೆ. ಒಳಪಡಿಸಬಹುದು ಎಂದು ನ್ಯಾಯಾಲಯ ಹೇಳಿತು. ಆದರೆ ಅಲ್ಲಿನ ಚರ್ಚೆಯ ಕೇಂದ್ರ ಜೂಜು: ಆಟದಲ್ಲಿ ಕೌಶಲವೆಷ್ಟು, ಅದೃಷ್ಟವೆಷ್ಟು? ತೆರೆಯ ಮೇಲೆ ಏನು ಕಾಣುತ್ತದೆ, ಅದನ್ನು ಯಾವ ವಯಸ್ಸಿನವರು ನೋಡುತ್ತಾರೆ ಎಂಬುದು ಮುಖ್ಯ ಪ್ರಶ್ನೆಯಾಗಲಿಲ್ಲ. ನಮ್ಮ ಕಾನೂನು ಆಟವನ್ನು ಹಣದ ಕಣ್ಣಿನಿಂದ ನೋಡಿತು, ಜಪಾನ್ ಮತ್ತು ಅಮೆರಿಕ ಚಿತ್ರದ ಕಣ್ಣಿನಿಂದ ನೋಡಿದವು.

ಈ ವ್ಯತ್ಯಾಸ ಮುಂದೆಯೂ ಉಳಿಯಿತು. ಶಿವಮೊಗ್ಗದ ಚಿತ್ರಮಂದಿರದಲ್ಲಿ ತೆರೆಕಾಣುವ ಚಿತ್ರಕ್ಕೆ ಪ್ರಮಾಣಪತ್ರ ಬೇಕು. 2023ರ ತಿದ್ದುಪಡಿಯ ಬಳಿಕ ‘ಯುಎ’ ವರ್ಗದಲ್ಲಿಯೇ 7, 13, 16 ವರ್ಷಗಳ ವಿಂಗಡಣೆಯಿದೆ. ಆಟಗಳಿಗೆ ಅಂತಹ ಪೂರ್ವ ಪ್ರಮಾಣೀಕರಣ ಮಂಡಳಿ ಭಾರತದಲ್ಲಿ ರೂಪುಗೊಂಡಿಲ್ಲ. ಅಶ್ಲೀಲ ವಸ್ತುವಿನ ಮಾರಾಟಕ್ಕೆ ಮೊದಲು ಭಾರತೀಯ ದಂಡ ಸಂಹಿತೆಯ 292 ಹಾಗೂ 293ನೇ ಕಲಮುಗಳು, 2024ರ ಜುಲೈ 1ರಿಂದ ಭಾರತೀಯ ನ್ಯಾಯ ಸಂಹಿತೆಯ 294 ಹಾಗೂ 295ನೇ ಕಲಮುಗಳು ಅನ್ವಯಿಸುತ್ತವೆ. ಇವು ಅಪರಾಧವನ್ನು ಶಿಕ್ಷಿಸುತ್ತವೆಯೇ ಹೊರತು ಪಾಲಕರಿಗೆ ಮಾಹಿತಿ ನೀಡುವುದಿಲ್ಲ. ‘ಡಿ’ಯಂತಹ ಕೃತಿ ಅಶ್ಲೀಲವಲ್ಲ, ಆದರೆ ಹತ್ತು ವರ್ಷದ ಮಗುವಿಗೆ ತಕ್ಕುದೂ ಅಲ್ಲ. ಇಂತಹ ನಡುವಣ ಕೃತಿಗಳಿಗೆ ದಂಡ ಸಂಹಿತೆಯಲ್ಲಿ ಉತ್ತರವಿಲ್ಲ.

ಇಂದು ಭದ್ರಾವತಿಯ ತಾಯಿಯೊಬ್ಬಳು ಮಗನ ಫೋನಿನಲ್ಲಿ ಆಟದ ಹೆಸರಿನ ಪಕ್ಕ ‘12+’ ಅಥವಾ ‘16+’ ಎಂಬ ಸಂಖ್ಯೆ ಕಂಡರೆ, ಅದು ಅಂತರರಾಷ್ಟ್ರೀಯ ಒಕ್ಕೂಟವೊಂದರ ಪ್ರಶ್ನಾವಳಿಗೆ ತಯಾರಕರೇ ನೀಡಿದ ಉತ್ತರಗಳಿಂದ ಬಂದದ್ದು. ಗೂಗಲ್ ಪ್ಲೇ 2015ರಿಂದ ಈ ಪದ್ಧತಿಯನ್ನು ಅನುಸರಿಸುತ್ತಿದೆ. ಎನೊ ಅವರ ತಟ್ಟೆ ಬದಲಾವಣೆಯ ಪಾಠ ಇಲ್ಲಿ ಪ್ರಸ್ತುತ. ತಯಾರಕನ ಪ್ರಾಮಾಣಿಕತೆಯೇ ಸೂಚನೆಯ ಆಧಾರವಾದಾಗ ಆ ಸಂಖ್ಯೆಯನ್ನು ನೋಡಿದರೆ ಸಾಲದು, ಆಟವನ್ನೂ ಒಮ್ಮೆ ನೋಡುವುದು ಲೇಸು.

ತೆರೆಯ ಮೇಲಿದ್ದವರ ಪ್ರಶ್ನೆ

ನಿಯಂತ್ರಣದ ಚರ್ಚೆಯೆಲ್ಲ ನೋಡುವವರ ಸುತ್ತ ನಡೆಯಿತು. ಚಿತ್ರೀಕರಣಗೊಂಡವರ ಬಗ್ಗೆ ಮಾತು ಕಡಿಮೆ. ಚುಕ್ಕೆಗಳಿಂದ ಬಿಡಿಸಿದ ಪಾತ್ರಕ್ಕೆ ಮುಂದಿನ ಬದುಕಿಲ್ಲ, ರೂಪದರ್ಶಿಗೆ ಇದೆ. ಕೆಲವೇ ಸಾವಿರ ತಟ್ಟೆಗಳಿಗೆಂದು ಮಾಡಿಕೊಂಡ ಒಪ್ಪಂದದ ಚಿತ್ರಗಳು ಅಂತರಜಾಲದ ಕಾಲದಲ್ಲಿ ಲೋಕದೆಲ್ಲೆಡೆ ಹರಡಬಲ್ಲವು. ಜಪಾನ್ 2022ರ ಜೂನ್‌ನಲ್ಲಿ ವಯಸ್ಕರ ವಿಡಿಯೊಗಳಲ್ಲಿ ಕಾಣಿಸಿಕೊಳ್ಳುವವರ ರಕ್ಷಣೆಗೆ ಕಾನೂನು ತಂದು, ಪ್ರಕಟಣೆಯ ಬಳಿಕವೂ ನಿಗದಿತ ಅವಧಿಯೊಳಗೆ ಒಪ್ಪಂದ ರದ್ದುಪಡಿಸುವ ಹಕ್ಕನ್ನು ನೀಡಿತು. 1990ರ ದಶಕದ ಒಪ್ಪಂದಗಳಾದರೋ ಅದಕ್ಕೂ ಬಹಳ ಹಿಂದಿನವು.

ಉಳಿಯುವುದೇನು?

ಭದ್ರಾವತಿಯ ಮೈಸೂರು ಕಾಗದ ಕಾರ್ಖಾನೆ 2015ರಲ್ಲಿ ಉತ್ಪಾದನೆ ನಿಲ್ಲಿಸಿತು. ಆದರೂ ಅಲ್ಲಿನ ಕಾಗದದ ಮೇಲೆ ಅಚ್ಚಾದ ಪುಟವನ್ನು ಇಂದು ಓದಲು ಕಣ್ಣೊಂದಿದ್ದರೆ ಸಾಕು. ಡಿಸ್ಕ್ ಹಾಗಲ್ಲ. ಯಂತ್ರ ಕೆಟ್ಟರೆ, ತಟ್ಟೆಯ ಒಳಪದರಕ್ಕೆ ಕಿಲುಬು ಹಿಡಿದರೆ ಕೃತಿ ಮೂಕವಾಗುತ್ತದೆ. ಲೇಸರ್ ಆಕ್ಟಿವ್‌ನ ಅನಲಾಗ್ ಚಿತ್ರವನ್ನು ಸಾಮಾನ್ಯ ಗಣಕದಿಂದ ಯಥಾವತ್ತಾಗಿ ನಕಲು ಮಾಡಲಾಗುತ್ತಿರಲಿಲ್ಲ. ಆಸಕ್ತರ ವರ್ಷಗಳ ಶ್ರಮದ ಬಳಿಕ 2025ರಲ್ಲಿ ‘ಆರೆಸ್’ ಎಂಬ ಅನುಕರಣ ತಂತ್ರಾಂಶದ ಮೂಲಕ ಅದರ ಸೆಗಾ ಶಾಖೆಯ ಆಟಗಳು ಮತ್ತೆ ಚಲಿಸಿದವು.

ಈ ಪ್ರಕಾರ ಪೂರ್ತಿ ಅಳಿದಿಲ್ಲ. 2015ರ ಬ್ರಿಟಿಷ್ ಆಟ ‘ಹರ್ ಸ್ಟೋರಿ’, 2022ರಲ್ಲಿ ಸ್ಕ್ವೇರ್ ಎನಿಕ್ಸ್ ಹೊರತಂದ ‘ದಿ ಸೆಂಟೆನಿಯಲ್ ಕೇಸ್’ ನಿಜವಾದ ನಟರನ್ನೇ ಬಳಸಿ ಪ್ರೌಢ ಕಥೆಗಳನ್ನು ಹೇಳಿದವು. ದೇಹಪ್ರದರ್ಶನದ ಕವಲು ಒಣಗಿತು, ಕಥೆಯ ಕವಲು ಚಿಗುರಿತು. ಒಂದು ಸೆಕೆಂಡಿಗೆ ಒಂದು ಚಿತ್ರವನ್ನಷ್ಟೇ ಹೊರಬಲ್ಲ ತಟ್ಟೆಯಿಂದ ಹೊರಟ ಈ ಪ್ರಯೋಗ ಉಳಿಸಿಹೋದ ಪ್ರಶ್ನೆ ಮಾತ್ರ ಹಳತಾಗಿಲ್ಲ. ವಯಸ್ಕರಿಗೆ ವಯಸ್ಕರ ಕಥೆ ಸಿಗಬೇಕು, ಮಗುವಿಗೆ ರಕ್ಷಣೆ ಸಿಗಬೇಕು, ಕ್ಯಾಮರಾದ ಮುಂದೆ ನಿಂತವರಿಗೆ ಮರ್ಯಾದೆ ಸಿಗಬೇಕು. ಮೂರನ್ನೂ ಒಟ್ಟಿಗೆ ಸಾಧಿಸುವ ವ್ಯವಸ್ಥೆಯನ್ನು ಕಟ್ಟುವ ಕೆಲಸ ಭಾರತದ ಮುಂದಿದೆ.

ಕಾಲಾನುಕ್ರಮ

1983: ಜಪಾನಿನಲ್ಲಿ ಲೇಸರ್ ಡಿಸ್ಕ್ ಆಟ ‘ಆಸ್ಟ್ರಾನ್ ಬೆಲ್ಟ್’
1988: ಪಿಸಿ ಎಂಜಿನ್‌ಗೆ ಸಿಡಿ-ರಾಮ್, ಮನೆಯ ಆಟದ ಯಂತ್ರದಲ್ಲಿ ಮೊದಲ ಸಿಡಿ
1991: ಮೆಗಾ-ಸಿಡಿ, ಗಣಕ ಆಟಗಳ ವಿವಾದ
1993: ಲೇಸರ್ ಆಕ್ಟಿವ್, ಅಮೆರಿಕದ ಸೆನೆಟ್ ವಿಚಾರಣೆ
1994: 3ಡಿಒ, ಸ್ಯಾಟರ್ನ್, ಪ್ಲೇಸ್ಟೇಷನ್, ಪಿಸಿ-ಎಫ್‌ಎಕ್ಸ್
1995: ‘ಡಿ’ ಬಿಡುಗಡೆ, ಶಿವಾನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ತೀರ್ಪು
1996: ಸ್ಯಾಟರ್ನ್‌ನ ‘ಎಕ್ಸ್’ ವರ್ಗ ರದ್ದು
2002: ಜಪಾನಿನಲ್ಲಿ ಸೆರೊ ಸ್ಥಾಪನೆ
2025: ಲೇಸರ್ ಆಕ್ಟಿವ್ ಆಟಗಳ ಅನುಕರಣ ಯಶಸ್ವಿ